ಮುಳುಗಡೆ ಊರಿನ ಚಿತ್ರ ತೆಗೆಯುವವರಿಗೆ: ಓದುಗರ ಪ್ರಶ್ನೆ, ಬಲ್ಲವರ ಉತ್ತರ

ಸ್ವಂತ ಬಲದಿಂದ ಸಾಕ್ಷ್ಯಚಿತ್ರ ಮಾಡಬೇಕೆನ್ನುವವರ ಪತ್ರಗಳು ಈ ಬಾರಿ ಹೆಚ್ಚು ಬಂದಿವೆ. ಬಾಗಲಕೋಟೆ, ಬೀಳಗಿ, ಜಮಖಂಡಿ, ಹುಕ್ಕೇರಿ, ವಿಜಯಪುರದ ಕಡೆಯಿಂದ ಬಂದ ಇವೆಲ್ಲದರ ವಿಷಯ ಹೆಚ್ಚುಕಡಿಮೆ ಒಂದೇ: ನೀರಿಗಾಗಿ ಊರು ಬಿಟ್ಟವರು, ದುಡಿಮೆಗಾಗಿ ಊರು ಬಿಟ್ಟವರು, ಅವರೊಂದಿಗೆ ಹೋದ ಮಾತು, ಹಾಡು, ದೇವರು. ಚಿತ್ರೀಕರಣ, ಧ್ವನಿಮುದ್ರಣ, ದಾಖಲೆ ಹುಡುಕಾಟ ಬಲ್ಲವರು ಕೂಡಿ ಕುಳಿತು ಉತ್ತರ ಬರೆದಿದ್ದಾರೆ. ಪತ್ರಗಳನ್ನು ಚಿಕ್ಕದಾಗಿಸಿದ್ದೇವೆ.

ಅಜ್ಜಿಯ ತವರೂರು ಆಲಮಟ್ಟಿ ಹಿನ್ನೀರಿನಲ್ಲಿ ಮುಳುಗಿದೆ. ಅದರ ಬಗ್ಗೆ 40 ನಿಮಿಷದ ಚಿತ್ರ ಮಾಡುವ ಆಸೆ. ಒಂದು ಹಳೆಯ ಕ್ಯಾಮೆರಾ, ಒಂದು ಫೋನು ಇವೆ. ಹಿನ್ನೀರಿನ ದೃಶ್ಯಗಳನ್ನು ಎರಡು ದಿನ ತೆಗೆದೆ. ಮುಂದೇನು ಮಾಡಬೇಕೆಂದು ತೋಚುತ್ತಿಲ್ಲ. (ಪದವಿ ವಿದ್ಯಾರ್ಥಿನಿ, ಬಾಗಲಕೋಟೆ)

ತೋಚದಿರುವುದಕ್ಕೆ ಕಾರಣ ನೀರೇ. ನೀರು ನೋಡಲು ಚೆಂದ, ಆದರೆ ಅದರಲ್ಲಿ ಊರು ಕಾಣುವುದಿಲ್ಲ. ಈ ವಿಷಯದ ಚಿತ್ರಗಳಲ್ಲಿ ಬಹಳಷ್ಟು ಸಂಜೆಯ ಹಿನ್ನೀರು, ಒಂದು ದೋಣಿ, ಹಿನ್ನೆಲೆಯಲ್ಲಿ ಕೊಳಲು ಇವುಗಳಲ್ಲೇ ಕರಗಿಹೋಗುತ್ತವೆ. ಹದಿನೈದು ದಿನ ಕ್ಯಾಮೆರಾ ಮುಚ್ಚಿಡಿ. ಕಾಗದ, ಪೆನ್ನು, ಧ್ವನಿ ಮುದ್ರಿಸಿಕೊಳ್ಳಲು ಫೋನು, ಇಷ್ಟೇ ಸಾಕು.

ಮೊದಲು ಆ ಊರಿನ ಗ್ರಾಮ ನಕ್ಷೆ ಸಂಪಾದಿಸಿ. ಸರ್ವೆ ನಂಬರು, ಹಳ್ಳ, ಬಂಡಿದಾರಿ, ಗಾಂವಠಾಣದ (ಮನೆಗಳಿದ್ದ ಜಾಗದ) ಗೆರೆ ಎಲ್ಲ ಇರುವ ನಕ್ಷೆ ಭೂಮಾಪನ ಇಲಾಖೆಯಲ್ಲಿ ಸಿಗುತ್ತದೆ. ಆಮೇಲೆ 1981 ಮತ್ತು 1991ರ ಜಿಲ್ಲಾ ಜನಗಣತಿ ಕೈಪಿಡಿಗಳನ್ನು ನೋಡಿ. ಬಾಗಲಕೋಟೆ ಜಿಲ್ಲೆ ಆದದ್ದು 1997ರಲ್ಲಿ, ಹಾಗಾಗಿ ಆಗಿನ ಬಿಜಾಪುರ ಜಿಲ್ಲೆಯ ಸಂಪುಟದಲ್ಲಿ ಹುಡುಕಬೇಕು. ಊರಲ್ಲಿ ಎಷ್ಟು ಮನೆ, ಎಷ್ಟು ಜನ, ಶಾಲೆ ಇತ್ತೋ ಇಲ್ಲವೋ, ಕುಡಿಯುವ ನೀರು ಬಾವಿಯದೋ ಹೊಳೆಯದೋ, ಎಲ್ಲವೂ ಅಲ್ಲಿ ಸಾಲುಸಾಲಾಗಿ ಇರುತ್ತದೆ. ನಕ್ಷೆಯನ್ನು ದೊಡ್ಡದಾಗಿ, ಎರಡು ಅಡಿ ಅಗಲಕ್ಕೆ ಮುದ್ರಿಸಿಕೊಂಡು ಅಜ್ಜಿಯ ಮುಂದೆ ಹಾಸಿ. ಚಿತ್ರ ಅಲ್ಲಿಂದ ಶುರುವಾಗುತ್ತದೆ.

ಇಡೀ ಊರಿನ ಕಥೆ 40 ನಿಮಿಷದಲ್ಲಿ ಹಿಡಿಯುವುದಿಲ್ಲ. ಒಂದು ಓಣಿ ಸಾಕು, ಇಲ್ಲವೇ ಒಂದು ಕಸುಬು, ಇಲ್ಲವೇ ಒಂದು ಜಾತ್ರೆ. ಹೊಳೆದಂಡೆಯ ಹೊಲದಲ್ಲಿ ಬದನೆ, ಸವತಿ ಬೆಳೆದು ಸಂತೆಗೆ ಒಯ್ಯುತ್ತಿದ್ದ ಮನೆತನ ಈಗ ಪುನರ್ವಸತಿ ಕೇಂದ್ರದಲ್ಲಿ ಏನು ಮಾಡುತ್ತಿದೆ ಎಂಬ ಒಂದೇ ಎಳೆ ಇಡೀ ಚಿತ್ರವನ್ನು ಹೊರಬಲ್ಲದು. ಬಾಗಲಕೋಟೆಯವರಿಗೆ ಮತ್ತೊಂದು ಎಳೆ ಕಣ್ಣೆದುರೇ ಇದೆ: ಹಳೆ ಊರಿನಲ್ಲಿ ವಿಳಾಸವೆಂದರೆ ಕಿಲ್ಲಾ, ವೆಂಕಟಪೇಟೆ, ಮುಳುಗಡೆಯವರಿಗೆ ಕಟ್ಟಿದ ನವನಗರದಲ್ಲಿ ವಿಳಾಸವೆಂದರೆ ಸೆಕ್ಟರ್ ನಂಬರು. ಓಣಿಯ ಹೆಸರು ಹೇಳಿದರೆ ಮನೆತನ, ಕಸುಬು, ದೇವರು ಎಲ್ಲ ತಿಳಿಯುತ್ತಿತ್ತು. ಸೆಕ್ಟರಿನ ಅಂಕೆ ಅದೊಂದನ್ನೂ ಹೇಳುವುದಿಲ್ಲ. ಹೋಳಿ ಹುಣ್ಣಿವೆಗೆ ಹಲಗೆ ಹೊತ್ತ ಹುಡುಗ ಯಾವ ಓಣಿಯ ಮೇಳಕ್ಕೆ ಸೇರುತ್ತಾನೆ ಎಂದು ಕೇಳಿ ನೋಡಿ.

ಇನ್ನೊಂದು ಮಾತು ಗಂಭೀರವಾಗಿ ತೆಗೆದುಕೊಳ್ಳಿ. ಆಲಮಟ್ಟಿಯ ಈಗಿನ ಪೂರ್ಣಮಟ್ಟ 519.60 ಮೀಟರ್. ಅದನ್ನು 524.256 ಮೀಟರಿಗೆ ಏರಿಸಲು ಎರಡನೇ ಕೃಷ್ಣಾ ಜಲವಿವಾದ ನ್ಯಾಯಮಂಡಳಿ 2010ರಲ್ಲಿ ಒಪ್ಪಿತು. ಆ ಹಂತಕ್ಕೆ ಗುರುತಾದ ಊರುಗಳು ಇನ್ನೂ ನಿಂತಿವೆ. ಗೋಡೆ, ಗುಡಿಕಟ್ಟೆ, ಬಾವಿ, ಕಣ ಎಲ್ಲವೂ ಇವೆ. ಮುಳುಗಿದ ಊರನ್ನು ನೆನಪಿನಿಂದ ಕಟ್ಟುವುದು ಕಷ್ಟದ ಕೆಲಸ. ನಿಂತಿರುವ ಊರನ್ನು ಈಗಲೇ ಮೂಲೆಮೂಲೆ ಸೆರೆಹಿಡಿದಿಡುವುದು ಕೈಲಾಗುವ ಕೆಲಸ, ಅದನ್ನು ಮಾಡುತ್ತಿರುವವರು ತೀರಾ ಕಡಿಮೆ. ನಿಮ್ಮ ಚಿತ್ರಕ್ಕೆ ಬೇಕಾಗದಿದ್ದರೂ ಅಂಥ ಒಂದು ಊರಿನಲ್ಲಿ ನಾಲ್ಕು ದಿನ ಕಳೆದು ಬನ್ನಿ.

ಪುನರ್ವಸತಿ ಕೇಂದ್ರದ ಹಿರಿಯರನ್ನು ಮಾತಾಡಿಸಿದರೆ ಎಲ್ಲರೂ ಒಂದೇ ಮಾತು ಹೇಳುತ್ತಾರೆ: "ಎಲ್ಲಾ ನೀರಾಗ ಹೋತ್ರಿ, ಏನೂ ಉಳೀಲಿಲ್ಲ." ಮುಂದಕ್ಕೆ ಹೋಗುವುದೇ ಇಲ್ಲ. ಕೆಲವರು ಅಳುತ್ತಾರೆ. ಏನು ಕೇಳಬೇಕು? (ಓದುಗರು, ಬೀಳಗಿ)

ಆ ಹಿರಿಯರು ಈ ಮಾತನ್ನು ಮೋಜಣಿಯವರಿಗೆ (ಭೂಮಿ ಅಳೆಯುವವರಿಗೆ), ಅಧಿಕಾರಿಗಳಿಗೆ, ವಕೀಲರಿಗೆ, ಪತ್ರಕರ್ತರಿಗೆ ಎಷ್ಟೋ ವರ್ಷ ಹೇಳಿದ್ದಾರೆ. ಅದು ಪರಿಹಾರ ಕೇಳುವ ಮಾತಾಗಿ ಗಟ್ಟಿಯಾಗಿಬಿಟ್ಟಿದೆ. ಚೀಲ, ಕ್ಯಾಮೆರಾ ಹಿಡಿದು ಬಂದವರನ್ನು ಕಂಡ ಕೂಡಲೇ ಅದೇ ಬಾಯಿಗೆ ಬರುತ್ತದೆ. ತಪ್ಪು ಅವರದಲ್ಲ, ಪ್ರಶ್ನೆಯದು. "ಊರು ಬಿಡುವಾಗ ಹೆಂಗನ್ನಿಸ್ತು?" ಎಂದರೆ ಉತ್ತರ ಅದೇ ಬರುತ್ತದೆ.

ಭಾವ ಕೇಳಬೇಡಿ, ಜಾಗ ಕೇಳಿ. ಪಡಸಾಲೆ ಯಾವ ದಿಕ್ಕಿಗಿತ್ತು? ಎತ್ತು ಕಟ್ಟುವ ಗ್ವಾದಲಿ ತಲಬಾಗಿಲಿನ ಎಡಕ್ಕೋ ಬಲಕ್ಕೋ? ಹಗೇವು ಎಲ್ಲಿತ್ತು, ಎಷ್ಟು ಚೀಲ ಜೋಳ ಹಿಡಿಯುತ್ತಿತ್ತು? ನೀರಿಗೆ ಹೋಗುವಾಗ ಯಾರ ಮನೆ ಮುಂದೆ ಹಾಯಬೇಕಿತ್ತು? ಸೀಮೆಸುಣ್ಣದ ತುಂಡು ಕೊಟ್ಟು ಅಂಗಳದ ಸಿಮೆಂಟಿನ ಮೇಲೆ ಮನೆಯನ್ನು ಬರೆದು ತೋರಿಸಲು ಹೇಳಿ. ಪಕ್ಕದ ಮನೆಯವರು ಬಂದು "ಅಲ್ಲ, ಬಾವಿ ಆ ಕಡಿಗಿತ್ತು" ಎಂದು ತಿದ್ದತೊಡಗಿದರೆ ನೀವು ಬಾಯಿ ಮುಚ್ಚಿಕೊಂಡು ಚಿತ್ರೀಕರಿಸುತ್ತ ಇರಿ. ಆ ವಾದದಲ್ಲಿ ಊರು ಪೂರ್ತಿ ಎದ್ದು ಬರುತ್ತದೆ. ಕ್ಯಾಮೆರಾ ಮೇಲಿನಿಂದ ನೆಲ ನೋಡುವಂತೆ ಒಂದು, ಮುಖಗಳಿಗೆ ಒಂದು ಇದ್ದರೆ ಒಳ್ಳೆಯದು. ಒಂದೇ ಇದ್ದರೆ ಮೊದಲ ಹತ್ತು ನಿಮಿಷ ಮುಖ ಮತ್ತು ಕೈ, ಚಿತ್ರ ಬರೆದು ಮುಗಿದ ಮೇಲೆ ನೆಲ.

ದೇವರ ಬಗ್ಗೆ ತಪ್ಪದೆ ಕೇಳಿ. ಕೂಡಲಸಂಗಮದಲ್ಲಿ ಬಸವಣ್ಣನವರ ಐಕ್ಯಮಂಟಪದ ಸುತ್ತ ಗೋಡೆ ಎಬ್ಬಿಸಿ, ನಾರಾಯಣಪುರ ಹಿನ್ನೀರಿನ ನಡುವೆ ಬಾವಿಯಂತೆ ಉಳಿಸಿಕೊಂಡದ್ದು ಎಲ್ಲರಿಗೂ ಗೊತ್ತು. ಸಣ್ಣ ಊರಿನ ದ್ಯಾಮವ್ವ, ದುರಗವ್ವ, ಹಣಮಪ್ಪರಿಗೆ ಆ ಅವಕಾಶ ಇರಲಿಲ್ಲ. ಮೂರ್ತಿಯನ್ನು ಕಿತ್ತು ತಂದರೋ, ಅಲ್ಲೇ ಬಿಟ್ಟು ಹೊಸದು ಮಾಡಿಸಿದರೋ? ಬಂಡಿಯಲ್ಲಿ ತಂದರೋ, ಹೊತ್ತು ತಂದರೋ? ದೇವರು ಬರಲು ಒಪ್ಪಿದ್ದನ್ನು ತಿಳಿದದ್ದು ಹೇಗೆ? ಮೊಹರಮ್ಮಿನ ಅಲಾಯಿ ಕುಣಿ ಹಳೆ ಊರಲ್ಲಿ ಎಲ್ಲಿತ್ತು, ಈಗ ಎಲ್ಲಿ ತೋಡುತ್ತಾರೆ? ಜಾತ್ರೆಯ ತೇರು ಎಳೆಯುವ ದಾರಿ ಹೊಸ ಊರಿನಲ್ಲಿ ಎಷ್ಟು ಉದ್ದ? ಇಂಥ ಪ್ರಶ್ನೆಗೆ "ಎಲ್ಲಾ ಹೋತು" ಎಂಬ ಉತ್ತರ ಬರಲು ಸಾಧ್ಯವೇ ಇಲ್ಲ.

ಅಳು ಬಂದರೆ ಕ್ಯಾಮೆರಾವನ್ನು ಮುಖದ ಹತ್ತಿರಕ್ಕೆ ಎಳೆಯಬೇಡಿ. ಇದ್ದಲ್ಲೇ ಇರಲಿ, ಒಂದು ಲೋಟ ನೀರು ಕೊಡಿ, ಸುಮ್ಮನಿರಿ. ಆ ತುಣುಕನ್ನು ಬಳಸಬಹುದೇ ಎಂದು ಮರುದಿನ ಕೇಳಿ. ಅಂದೇ ಕೇಳಿದರೆ ಸೌಜನ್ಯಕ್ಕೆ ಹೂಂ ಎನ್ನುತ್ತಾರೆ.

ಒಪ್ಪಿಗೆಯ ವಿಷಯ. ಯಾವುದೋ ಇಂಗ್ಲಿಷ್ ನಮೂನೆಗೆ ಹೆಬ್ಬೆಟ್ಟು ಒತ್ತಿಸಿಕೊಳ್ಳುವುದು ಒಪ್ಪಿಗೆ ಅಲ್ಲ; ಹೆಬ್ಬೆಟ್ಟು ಒತ್ತಿ ಭೂಮಿ ಕಳೆದುಕೊಂಡವರ ಮುಂದೆ ಅದನ್ನು ಹಿಡಿಯಲೂಬಾರದು. ಚಿತ್ರ ಯಾವುದರ ಬಗ್ಗೆ, ಎಲ್ಲಿ ತೋರಿಸುತ್ತೀರಿ, ಫೋನಿನಲ್ಲಿ ಎಲ್ಲರಿಗೂ ಕಾಣುವಂತೆ ಹಾಕುತ್ತೀರೋ ಇಲ್ಲವೋ, ಬೇಡವೆನ್ನಲು ಎಷ್ಟು ದಿನ ಸಮಯವಿದೆ, ಇಷ್ಟನ್ನು ಅವರ ಮಾತಿನಲ್ಲೇ ಹೇಳಿ, ಅವರು ತಮ್ಮ ಮಾತಿನಲ್ಲಿ ತಿರುಗಿ ಹೇಳುವುದನ್ನು ಕ್ಯಾಮೆರಾದಲ್ಲಿ ಮುದ್ರಿಸಿ. ಕನ್ನಡದಲ್ಲಿ ಒಂದು ಪುಟದ ಬರಹ, ನಿಮ್ಮ ಫೋನ್ ನಂಬರು ಸಮೇತ, ಅವರ ಕೈಯಲ್ಲಿ ಉಳಿಯಬೇಕು.

ಹೊಸಬರು ಎಡವುವ ಒಂದು ಜಾಗ ಇದೆ. ಹೆಚ್ಚಿನ ಪರಿಹಾರ ಕೋರಿ ಹೂಡಿದ ಪ್ರಕರಣಗಳು ಕೆಲವು ಮನೆತನಗಳದ್ದು ಇನ್ನೂ ನ್ಯಾಯಾಲಯದಲ್ಲಿರಬಹುದು. ಎಕರೆಗೆ ಎಷ್ಟು ಬೆಳೆಯುತ್ತಿತ್ತು, ಭೂಮಿ ಯಾರ ಹೆಸರಲ್ಲಿತ್ತು, ಪರಿಹಾರದ ಹಣ ಅಣ್ಣತಮ್ಮ, ಅಕ್ಕತಂಗಿಯರಲ್ಲಿ ಹೇಗೆ ಹಂಚಿಕೆಯಾಯಿತು ಎಂದು ಕ್ಯಾಮೆರಾ ಮುಂದೆ ಆಡಿದ ಮಾತು ಅವರ ಪ್ರಕರಣಕ್ಕೇ ಮುಳುವಾಗಬಹುದು, ಮನೆಯೊಳಗೆ ಜಗಳ ಹಚ್ಚಬಹುದು. ಮೊದಲೇ ಕೇಳಿ: "ಕೋರ್ಟಿನ್ಯಾಗ ಕೇಸ್ ಐತೇನ್ರಿ?" ಇದೆ ಎಂದರೆ ಅಂಕಿಸಂಖ್ಯೆಯ ಮಾತು ಬಿಟ್ಟುಬಿಡಿ, ಇಲ್ಲವೇ ಅವರ ವಕೀಲರು ನೋಡಿದ ಮೇಲಷ್ಟೇ ಇಟ್ಟುಕೊಳ್ಳಿ.

ಮಾತಿಗೆ ದುಡ್ಡು ಕೊಡಬಾರದು ಎನ್ನುವವರಿದ್ದಾರೆ. ಮಾತಿಗೆ ಬೇಡ, ಸರಿ. ಆದರೆ ಕೂಲಿಯ ದಿನವನ್ನು ನಿಮಗಾಗಿ ಬಿಟ್ಟು ಕೂತವರಿಗೆ ಆ ದಿನದ ಕೂಲಿ ಕೊಡದಿರುವುದು ಅನ್ಯಾಯ. ಹಾಡಿದವರಿಗೆ, ಬಾರಿಸಿದವರಿಗೆ ಸಂಭಾವನೆ ಕೊಡಲೇಬೇಕು.

ಹಿನ್ನೀರಿನ ದಂಡೆಯಲ್ಲಿ ಮಾಡಿದ ಮೂರು ಸಂದರ್ಶನಗಳಲ್ಲಿ ಬರೀ ಗಾಳಿಯ ಸದ್ದು. ಮನೆಯೊಳಗೆ ಮಾಡಿದರೆ ಕೊಡದೊಳಗೆ ಮಾತಾಡಿದಂತೆ ಕೇಳುತ್ತದೆ. ಸರಿಪಡಿಸಬಹುದೇ? (ಛಾಯಾಗ್ರಾಹಕ, ಜಮಖಂಡಿ)

ಗಾಳಿ ಹೊಡೆದು ಒಡೆದ ಧ್ವನಿ ಸರಿಹೋಗುವುದಿಲ್ಲ. ಗಾಳಿ ನೇರವಾಗಿ ಮೈಕಿನ ಪರದೆಯನ್ನು ಗುದ್ದುತ್ತದೆ. ಮಟ್ಟ ಮೇಲಕ್ಕೆ ಹಾರಿ ಅಲೆಯ ತುದಿಯೇ ಕತ್ತರಿಸಿಹೋದ ಮೇಲೆ ಯಾವ ತಂತ್ರಾಂಶವೂ ಮಾತನ್ನು ಮರಳಿ ತರಲಾರದು. ಸ್ಪಂಜಿನ ಟೊಪ್ಪಿಗೆ ಫ್ಯಾನಿನ ಗಾಳಿಗೆ ಸಾಕು, ಹೊಳೆಯ ಗಾಳಿಗೆ ಸಾಲದು. ಉದ್ದ ಕೂದಲಿನ ತುಪ್ಪಳದ ಕವಚ ಬೇಕು. ಜೂನಿನಿಂದ ಆಗಸ್ಟ್‌ವರೆಗೆ ಪಡುವಣ ಗಾಳಿ ಬಿಡದೆ ಬೀಸುತ್ತದೆ, ಆಗ ದಂಡೆಯ ಮೇಲೆ ಸಂದರ್ಶನ ಇಟ್ಟುಕೊಳ್ಳಲೇಬೇಡಿ. ಬೇರೆ ತಿಂಗಳಲ್ಲಿ ಬೆಳಿಗ್ಗೆ ಆರೂವರೆಯಿಂದ ಎಂಟೂವರೆ ಒಳ್ಳೆಯ ಹೊತ್ತು. ಮಾತಾಡುವವರ ಬೆನ್ನು ಗಾಳಿಗಿರಲಿ, ಅವರ ಹಿಂದೆ ಗೋಡೆಯೋ ಬಂಡಿಯೋ ಇರಲಿ.

ಕಾಲರ್ ಮೈಕನ್ನು ಗದ್ದದಿಂದ ಒಂದು ಗೇಣು ಕೆಳಗೆ ಸಿಕ್ಕಿಸಿ. ಇಳಕಲ್ ಸೀರೆಯ ರೇಷ್ಮೆ ಸೆರಗು, ಗಂಜಿ ಹಾಕಿದ ಅಂಗಿ ಎರಡೂ ಮೈಕಿಗೆ ಉಜ್ಜಿದರೆ ಕಾಗದ ಮುದುಡಿದಂತೆ ಸದ್ದು ಬರುತ್ತದೆ. ಸೆರಗಿನ ಅಡಿಯಲ್ಲಿ ಇಡಬೇಡಿ. ಸೆರಗಿನ ಮೇಲೇ, ಮಡಿಕೆಗೆ ಕಚ್ಚಿಸಿ, ತಂತಿಗೆ ಒಂದು ಸುತ್ತು ಕೊಟ್ಟು ಟೇಪು ಹಚ್ಚಿ. ಹೆಂಗಸರಿಗೆ ಮೈಕು ಹಚ್ಚಲು ತಂಡದಲ್ಲಿ ಒಬ್ಬ ಹೆಣ್ಣುಮಗಳು ಇರಲೇಬೇಕು. ಇಲ್ಲದಿದ್ದರೆ ಮೈಕನ್ನು ಅವರ ಕೈಗೆ ಕೊಟ್ಟು, ಎಲ್ಲಿ ಸಿಕ್ಕಿಸಬೇಕೆಂದು ನಿಮ್ಮ ಮೇಲೆ ತೋರಿಸಿ. ಕೈತುಂಬ ಹಸಿರು ಬಳೆ ಇದ್ದವರ ಕೈಯಾಟ ಧ್ವನಿಯಲ್ಲಿ ಬಂದೇ ಬರುತ್ತದೆ. ಬಳೆ ತೆಗೆಯಿರಿ ಎಂದು ಮಾತ್ರ ಹೇಳಬೇಡಿ; ತೊಡೆಯ ಮೇಲೆ ಕೌದಿ ಹಾಸಿದರೆ ಅರ್ಧ ಕಡಿಮೆಯಾಗುತ್ತದೆ.

ಮುದ್ರಣ 48 ಕಿಲೋಹರ್ಟ್ಸ್, 24 ಬಿಟ್. ಸ್ವಯಂಚಾಲಿತ ಮಟ್ಟವನ್ನು ಬಂದ್ ಮಾಡಿಬಿಡಿ. ಅದು ಮಾತು ನಿಂತ ಕೂಡಲೇ ಹಿನ್ನೆಲೆ ಸದ್ದನ್ನು ಮೇಲಕ್ಕೆ ಎಳೆಯುತ್ತದೆ. ಮಾತು ಮೈನಸ್ 18ರಿಂದ ಮೈನಸ್ 12 ಡೆಸಿಬೆಲ್ ನಡುವೆ ಆಡಲಿ, ಜೋರಾದಾಗಲೂ ಮೈನಸ್ 6 ದಾಟದಿರಲಿ. 80 ಹರ್ಟ್ಸ್ ಕೆಳಗಿನದನ್ನು ಕತ್ತರಿಸುವ ಗುಂಡಿ ಇದ್ದರೆ ಒತ್ತಿ. ಮನೆಯಲ್ಲಿ ಫ್ಯಾನು, ಫ್ರಿಜ್ಜು ಬಂದ್ ಮಾಡಿ. ಗಾಡಿಯ ಕೀಲಿಯನ್ನು ಫ್ರಿಜ್ಜಿನೊಳಗೆ ಇಟ್ಟರೆ ಹೊರಡುವಾಗ ಅದನ್ನು ಮರಳಿ ಹಚ್ಚಲು ಮರೆಯುವುದಿಲ್ಲ.

ಕೊಡದ ಸದ್ದಿಗೆ ಕಾರಣ ಪುನರ್ವಸತಿ ಮನೆಯ ಸಿಮೆಂಟ್ ಗೋಡೆ ಮತ್ತು ತಗಡು. ಬರಿಗೋಡೆ ಮಾತನ್ನು ತಿರುಗಿ ಎಸೆಯುತ್ತದೆ. ಮಾತಾಡುವವರ ಎದುರಿನ ಗೋಡೆಗೂ ಒಂದು ಪಕ್ಕದ ಗೋಡೆಗೂ ಎರಡೆರಡು ಕೌದಿ ಇಳಿಬಿಡಿ, ನೆಲಕ್ಕೆ ಜಮಖಾನೆ ಹಾಸಿ. ಕೌದಿಯ ನಾಲ್ಕೈದು ಪದರ ಹಳೆಬಟ್ಟೆ ಸದ್ದನ್ನು ಚೆನ್ನಾಗಿ ಕುಡಿಯುತ್ತದೆ, ಪ್ರತಿ ಮನೆಯಲ್ಲೂ ಸಿಗುತ್ತದೆ. ಆದರೆ ಅದಕ್ಕೂ ಮೊದಲು ಖಾಲಿ ಕೋಣೆಯ ಸದ್ದನ್ನು ಒಂದು ನಿಮಿಷ ಮುದ್ರಿಸಿಟ್ಟುಕೊಳ್ಳಿ. ಎರಡು ಅಡಿ ದಪ್ಪದ ಮಣ್ಣಿನ ಗೋಡೆ, ಮೇಲ್ಮುದ್ದೆಯ (ಮಣ್ಣು ಹಾಕಿದ) ಮಾಳಿಗೆ ಮನೆ ಎಲ್ಲಾದರೂ ಇನ್ನೂ ನಿಂತಿದ್ದರೆ ಅಲ್ಲಿಯೂ ಒಂದು ನಿಮಿಷ. ಎರಡನ್ನೂ ಒಂದರ ಹಿಂದೆ ಒಂದು ಕೇಳಿಸಿದರೆ, ಮನೆ ಬದಲಾದದ್ದು ಎಂದರೇನೆಂದು ಯಾವ ವಿವರಣೆಯೂ ಇಲ್ಲದೆ ಕಿವಿಗೆ ತಾಗುತ್ತದೆ.

ನೀರು ಇಳಿದಾಗ ಹಳೆಯ ಕಟ್ಟಡಗಳು ಕಾಣುತ್ತವೆಯಂತೆ. ಯಾವಾಗ ಹೋಗಬೇಕು? (ಓದುಗರು, ಹುಕ್ಕೇರಿ)

ಸಾಮಾನ್ಯವಾಗಿ ಏಪ್ರಿಲ್ ಕೊನೆಯಿಂದ ಜೂನ್ ಮೊದಲ ವಾರದವರೆಗೆ. ನಿಮ್ಮ ತಾಲ್ಲೂಕಿನ ಹಿಡಕಲ್ ಜಲಾಶಯದಲ್ಲೇ ಹುನ್ನೂರಿನ ವಿಠ್ಠಲ ಗುಡಿ ಹಾಗೆ ಮೇಲೆ ಬರುತ್ತದೆ. ಆದರೆ ತಿಂಗಳು ನೋಡಿ ಹೊರಡಬೇಡಿ, ಜಲಾಶಯದ ಮಟ್ಟ ನೋಡಿ ಹೊರಡಿ. ನಿಮಗೆ ಬೇಕಾದ ಕಟ್ಟೆ ಎಷ್ಟು ಮೀಟರಿಗೆ ಕಾಣತೊಡಗುತ್ತದೆ ಎಂದು ಒಂದು ವರ್ಷ ಬರೆದಿಟ್ಟುಕೊಂಡರೆ ಮುಂದಿನ ವರ್ಷ ದಿನದ ಲೆಕ್ಕದಲ್ಲಿ ತಿಳಿಯುತ್ತದೆ.

ಒಂದೇ ಚೌಕಟ್ಟಿನಲ್ಲಿ ಬೇಸಿಗೆಯನ್ನೂ ಸೆಪ್ಟೆಂಬರಿನ ತುಂಬುನೀರನ್ನೂ ತೋರಿಸುವುದಾದರೆ ಟ್ರೈಪಾಡ್ ಇಟ್ಟ ಜಾಗದ ಉಪಗ್ರಹ ಗುರುತು (ಜಿಪಿಎಸ್), ಲೆನ್ಸಿನ ಎಂ.ಎಂ. ಸಂಖ್ಯೆ, ನೆಲದಿಂದ ಕ್ಯಾಮೆರಾ ಎತ್ತರ, ನೋಡುವ ದಿಕ್ಕು ನಾಲ್ಕನ್ನೂ ಬರೆದುಕೊಳ್ಳಿ, ಆ ಜಾಗದ್ದೇ ಒಂದು ಫೋಟೋ ಇರಲಿ. ಬೇಸಿಗೆಯಲ್ಲಿ ನಿಲ್ಲುವ ಜಾಗ ಮಳೆಗಾಲದಲ್ಲಿ ನೀರಡಿ ಹೋಗದಂತೆ ಮೊದಲೇ ಎತ್ತರದಲ್ಲಿ ಆರಿಸಿ. ಹಲವರ ಎರಡನೇ ಚಿತ್ರೀಕರಣ ಕೆಡುವುದು ಇಲ್ಲೇ.

ಮುಖ್ಯವಾದ ಎಚ್ಚರಿಕೆ: ಇಳಿದ ನೀರಿನಂಚಿನ ಎರೆಮಣ್ಣು ಮೇಲೆ ಒಣಗಿ ಬಿರಿದಂತೆ ಕಂಡರೂ ಒಳಗೆ ರಾಡಿ ಇರುತ್ತದೆ. ಮೊಣಕಾಲವರೆಗೆ ಹುಗಿದರೆ ಒಬ್ಬರೇ ಹೊರಬರುವುದು ಕಷ್ಟ. ಅಲ್ಲಿನ ಮೀನುಗಾರರು ನಡೆದ ಹೆಜ್ಜೆಯಲ್ಲೇ ಹೆಜ್ಜೆ ಇಡಿ, ಕೈಯಲ್ಲಿ ಕೋಲಿರಲಿ, ಒಬ್ಬರೇ ಹೋಗಬೇಡಿ.

ಮಧ್ಯಾಹ್ನದ ಬೆಳಕಿಗೂ ಒಂದು ಮಾತು. ಎರೆಭೂಮಿ ಬೆಳಕನ್ನು ಹೀರುತ್ತದೆ, ಕೆಳಗಿನಿಂದ ಮುಖಕ್ಕೆ ಏನೂ ಮರಳಿ ಬರುವುದಿಲ್ಲ. ಬಿಳಿ ರುಮಾಲು ಸುತ್ತಿದ ಹಿರಿಯರನ್ನು ತೆಗೆದರೆ ರುಮಾಲು ಸುಣ್ಣದಂತೆ ಬೆಳ್ಳಗೆ, ಮುಖ ಕಪ್ಪಗೆ. ರುಮಾಲಿನ ನೂಲು ಕಾಣುವಷ್ಟಕ್ಕೆ ಬೆಳಕು ಇಳಿಸಿ, ಎದೆಯ ಮಟ್ಟದಲ್ಲಿ ಬಿಳಿ ಧೋತರ ಹಿಡಿಸಿ ಮುಖಕ್ಕೆ ಬೆಳಕು ತಿರುಗಿಸಿ.

ಅಣೆಕಟ್ಟಿನ ಮೇಲೆ ಡ್ರೋನ್ ಹಾರಿಸಬಹುದೇ? (ಓದುಗರು, ನಿಡಗುಂದಿ)

ಅನುಮತಿ ಇಲ್ಲದೆ ಬೇಡ. ಆಲಮಟ್ಟಿ ಅಣೆಕಟ್ಟಿನ ಒಳಗೆ ಚಿತ್ರೀಕರಣಕ್ಕೇ ಕೃಷ್ಣಾ ಭಾಗ್ಯ ಜಲ ನಿಗಮದ ಲಿಖಿತ ಒಪ್ಪಿಗೆ ಕೇಳಬೇಕು. ಬೇರೆಡೆ ಹಾರಿಸುವ ಮೊದಲು ಕೇಂದ್ರ ಸರಕಾರದ ಡಿಜಿಟಲ್ ಸ್ಕೈ ಜಾಲತಾಣದ ನಕ್ಷೆ ನೋಡಿ: 2021ರ ಡ್ರೋನ್ ನಿಯಮಗಳ ಪ್ರಕಾರ ಹಸಿರು ವಲಯದಲ್ಲಿ 400 ಅಡಿವರೆಗೆ, ಹಳದಿ ಮತ್ತು ಕೆಂಪು ವಲಯಕ್ಕೆ ಮುಂಗಡ ಅನುಮತಿ. ಬೆಳಗಾವಿಯವರು ಸಾಂಬ್ರಾ ವಿಮಾನ ನಿಲ್ದಾಣ, ಸೇನಾ ಪ್ರದೇಶ ಎರಡನ್ನೂ ನೆನಪಿಡಬೇಕು. ಮೇಲಿನಿಂದ ತೆಗೆದ ಒಂದು ನಿಮಿಷದ ನೀರಿಗಿಂತ ಗ್ರಾಮ ನಕ್ಷೆಯ ಮೇಲೆ ಅಜ್ಜಿಯ ಬೆರಳು ಓಡುವ ಒಂದು ನಿಮಿಷ ಹೆಚ್ಚು ಹೇಳುತ್ತದೆ ಎಂಬುದು ನಮ್ಮ ನಂಬಿಕೆ.

ಭೂಸ್ವಾಧೀನದ ಹಳೆಯ ದಾಖಲೆ ಎಲ್ಲಿ ಸಿಗುತ್ತವೆ? ಕಚೇರಿಗೆ ಹೋದರೆ ಇಲ್ಲ ಎನ್ನುತ್ತಾರೆ. (ಓದುಗರು, ಬಾಗಲಕೋಟೆ)

ಬಾಯಿಮಾತಿನಲ್ಲಿ ಕೇಳಿದರೆ ಇಲ್ಲ ಎನ್ನುವುದು ಸುಲಭ. ಮಾಹಿತಿ ಹಕ್ಕು ಅರ್ಜಿ ಹಾಕಿ. ಶುಲ್ಕ 10 ರೂಪಾಯಿ, ಪ್ರತಿಗೆ ಪುಟಕ್ಕೆ 2 ರೂಪಾಯಿ, ಉತ್ತರಕ್ಕೆ 30 ದಿನ. ಕರ್ನಾಟಕದ ನಿಯಮದಂತೆ ಒಂದು ಅರ್ಜಿಯಲ್ಲಿ ಒಂದೇ ವಿಷಯ, 150 ಪದದೊಳಗೆ. "ನಮ್ಮ ಊರಿನ ಎಲ್ಲ ದಾಖಲೆ ಕೊಡಿ" ಎಂದು ಬರೆದರೆ ತಿರಸ್ಕಾರ ಖಚಿತ. ಬಾಗಲಕೋಟೆಯಲ್ಲಿರುವ ಕೃಷ್ಣಾ ಮೇಲ್ದಂಡೆ ಯೋಜನೆಯ ಭೂಸ್ವಾಧೀನ ಕಚೇರಿಗೆ ಮೂರು ಬೇರೆಬೇರೆ ಅರ್ಜಿ ಹೋಗಲಿ: 1894ರ ಭೂಸ್ವಾಧೀನ ಕಾಯ್ದೆಯ ಕಲಂ 4(1)ರ ಅಧಿಸೂಚನೆಯ ಪ್ರತಿ, ಐತೀರ್ಪಿನ (ಪರಿಹಾರ ಗೊತ್ತುಮಾಡಿದ ಆದೇಶದ) ಪ್ರತಿ, ಮನೆಗಳ ಜಂಟಿ ಮೋಜಣಿ ಪಟ್ಟಿ.

ಮೂರನೆಯದು ಚಿತ್ರ ಮಾಡುವವರಿಗೆ ನಿಧಿ. ಪರಿಹಾರ ಲೆಕ್ಕ ಹಾಕಲು ಮನೆಯ ಅಳತೆ, ಗೋಡೆ ಕಲ್ಲಿನದೋ ಮಣ್ಣಿನದೋ, ಬಾಗಿಲು, ತೊಲೆ, ಬಾವಿ, ಅಂಗಳದ ಬೇವು, ಹುಣಸೆ ಎಷ್ಟು ಎಂದೆಲ್ಲ ಅದರಲ್ಲಿ ಬರೆದಿರುತ್ತಾರೆ. ಅಜ್ಜ ನೆನಪಿನಿಂದ ಹೇಳುವ ಮನೆ ಒಂದು, ಸರಕಾರ ಅಳೆದ ಮನೆ ಇನ್ನೊಂದು. ಎರಡನ್ನೂ ಅಕ್ಕಪಕ್ಕ ಇಟ್ಟು ನೋಡಿ. ಇನ್ನೂ ಹಳೆಯದು ಬೇಕಿದ್ದರೆ 1884ರ ಬಿಜಾಪುರ ಗೆಝೆಟಿಯರ್ ಇದೆ. ಬಾಗಲಕೋಟೆ, ವಿಜಯಪುರ, ಬೆಳಗಾವಿ ಸೀಮೆಯ ಬಹುಭಾಗ 1956ರ ನವೆಂಬರ್ 1ರವರೆಗೆ ಮುಂಬಯಿ ಆಡಳಿತದಲ್ಲಿತ್ತು, ಆದ್ದರಿಂದ ಅದಕ್ಕೂ ಹಿಂದಿನ ಕಡತ ಮುಂಬಯಿಯ ಪತ್ರಾಗಾರದಲ್ಲಿ ಹುಡುಕಬೇಕಾದೀತು.

ನಮ್ಮ ತಾಂಡಾದಿಂದ ದೀಪಾವಳಿ ಸುಮಾರಿಗೆ ಕಬ್ಬು ಕಡಿಯಲು ಮಹಾರಾಷ್ಟ್ರಕ್ಕೆ, ಮಿಕ್ಕವರು ಗೋವಾಕ್ಕೆ ಹೋಗುತ್ತಾರೆ. ಇದರ ಬಗ್ಗೆ ಚಿತ್ರ ಮಾಡುತ್ತಿದ್ದೇನೆ. ಲಂಬಾಣಿ ಮಾತಾದ ಗೋರ್‌ಬೋಲಿ, ಕನ್ನಡ, ಮರಾಠಿ ಮೂರೂ ಬರುತ್ತವೆ. ಉಪಶೀರ್ಷಿಕೆ ಹೇಗೆ? (ಓದುಗರು, ವಿಜಯಪುರ)

ನಿಮ್ಮ ವಿಷಯದ ಒಳಗೇ ಒಂದು ದೊಡ್ಡ ಸಂಗತಿ ಇದೆ: ಜನಗಣತಿಯಲ್ಲಿ ಲಂಬಾಣಿಯನ್ನು ಹಿಂದಿಯ ಗುಂಪಿನಡಿ ಎಣಿಸುತ್ತಾರೆ. ಸ್ವಂತ ಲಿಪಿ ಬಳಕೆಯಲ್ಲಿಲ್ಲ, ಇಲ್ಲಿ ಕನ್ನಡದಲ್ಲಿ, ಗಡಿಯಾಚೆ ದೇವನಾಗರಿಯಲ್ಲಿ ಬರೆಯುತ್ತಾರೆ. ಹೀಗಿರುವಾಗ ಗೋರ್‌ಬೋಲಿಯ ಮೇಲೆ ನಿರೂಪಕರ ಕನ್ನಡ ಧ್ವನಿ ಹೊದಿಸಿಬಿಟ್ಟರೆ ಜನಗಣತಿ ಮಾಡಿದ್ದನ್ನೇ ಚಿತ್ರವೂ ಮಾಡಿದಂತೆ. ಮಾತು ಪೂರ್ತಿ ಕೇಳಲಿ, ಕೆಳಗೆ ಅಕ್ಷರ ಬರಲಿ. ಒಬ್ಬರೇ ವ್ಯಕ್ತಿ ಮುಕಾದಮನ (ಕೂಲಿ ಗುಂಪಿನ ಮೇಸ್ತ್ರಿಯ) ಜೊತೆ ಮರಾಠಿ, ಅಂಗಡಿಯಲ್ಲಿ ಕನ್ನಡ, ಮಗುವಿನೊಂದಿಗೆ ಗೋರ್‌ಬೋಲಿ ಆಡುವುದು ನೋಡುಗನಿಗೆ ತಿಳಿಯಬೇಕು. ಮೂರಕ್ಕೂ ಉಪಶೀರ್ಷಿಕೆಯಲ್ಲಿ ಮೂರು ಬಣ್ಣ ಕೊಡುವುದು ಸರಳ ದಾರಿ: ಬಿಳಿ, ತಿಳಿಹಳದಿ, ತಿಳಿನೀಲಿ.

ಎರಡು ಸಾಲಿಗಿಂತ ಹೆಚ್ಚು ಬೇಡ. ಒಂದು ಸೆಕೆಂಡಿಗಿಂತ ಕಡಿಮೆ, ಏಳು ಸೆಕೆಂಡಿಗಿಂತ ಹೆಚ್ಚು ನಿಲ್ಲಬಾರದು. ವಾಕ್ಯವನ್ನು ಕ್ರಿಯಾಪದದ ನಡುವೆ ಮುರಿಯಬೇಡಿ. ಕನ್ನಡದ ಒತ್ತಕ್ಷರ ಕೆಳಕ್ಕೆ ಇಳಿಯುವುದರಿಂದ ಸಾಲುಗಳ ನಡುವೆ ಇಂಗ್ಲಿಷಿಗಿಂತ ಹೆಚ್ಚು ಜಾಗ ಬಿಡಿ. ನುಡಿ ತಂತ್ರಾಂಶದ ಹಳೆಯ ಅಕ್ಷರಗಳಲ್ಲಿ ಟೈಪಿಸಿದ್ದು ಸಂಕಲನದಲ್ಲಿ ಇಂಗ್ಲಿಷ್ ಗುರುತುಗಳಾಗಿ ಚೆಲ್ಲಾಡುತ್ತದೆ; ಯೂನಿಕೋಡ್‌ಗೆ ಪರಿವರ್ತಿಸಿ, ಯುಟಿಎಫ್-8 ಆಗಿ ಉಳಿಸಿ. ಯೂನಿಕೋಡ್ ಇದ್ದೂ ಒತ್ತು ಬಿಡಿಬಿಡಿಯಾಗಿ ಕಂಡರೆ, ಅಡೋಬ್ ಪ್ರೀಮಿಯರ್‌ನಲ್ಲಿ ಗ್ರಾಫಿಕ್ಸ್ ಆಯ್ಕೆಗಳೊಳಗೆ ಅಕ್ಷರ ಯಂತ್ರವನ್ನು ದಕ್ಷಿಣ ಏಷ್ಯಾದ್ದಕ್ಕೆ ಬದಲಿಸಿ, ಬಳಿಕ ನೋಟೋ ಸ್ಯಾನ್ಸ್ ಕನ್ನಡದಂಥ ಫಾಂಟು ಹಾಕಿ.

ವಿಜಯಪುರದ ಕನ್ನಡವನ್ನು ಉಪಶೀರ್ಷಿಕೆಯಲ್ಲಿ ಪುಸ್ತಕದ ಕನ್ನಡಕ್ಕೆ ತಿದ್ದಬೇಡಿ. "ಹೊಂಟೀವಿ" ಎಂದದ್ದನ್ನು "ಹೊರಟಿದ್ದೇವೆ" ಎಂದು ಬರೆದರೆ ಕೇಳುವ ಮಾತಿಗೂ ಓದುವ ಮಾತಿಗೂ ಹೊಂದಿಕೆ ತಪ್ಪುತ್ತದೆ, ಅವರ ಮಾತು ತಪ್ಪು ಎಂದು ಹೇಳಿದಂತೆಯೂ ಆಗುತ್ತದೆ. ಮಾತನ್ನು ಬರಹಕ್ಕಿಳಿಸುವ ಕೆಲಸವನ್ನು ತಾಂಡಾದ ಓದಿದ ಹುಡುಗ ಹುಡುಗಿಯರಿಗೇ ಕೂಲಿ ಕೊಟ್ಟು ಒಪ್ಪಿಸಿ. ಒಂದು ತಾಸಿನ ಮಾತಿಗೆ ಐದಾರು ತಾಸು ಹಿಡಿಯುತ್ತದೆ ಎಂದು ಲೆಕ್ಕವಿಡಿ.

ಕಬ್ಬಿನ ಗದ್ದೆಯಲ್ಲಿ ಮುಕಾದಮ ಕೊಟ್ಟ ಅನುಮತಿ ಕೆಲಸಗಾರರ ಒಪ್ಪಿಗೆ ಅಲ್ಲ. ಮುಂಗಡ ಹಣದ ಬಗ್ಗೆ ಅವನ ಎದುರಿಗೆ ಕೇಳಿದರೆ ಸುಳ್ಳೇ ಸಿಗುತ್ತದೆ, ನಿಜ ಹೇಳಿದವರಿಗೆ ಮುಂದಿನ ಹಂಗಾಮಿನಲ್ಲಿ ಕೆಲಸ ತಪ್ಪುತ್ತದೆ. ಆ ಮಾತು ತಾಂಡಾದಲ್ಲಿ, ಬೇಸಿಗೆಯಲ್ಲಿ, ಬೇಕಾದರೆ ಮುಖ ತೋರಿಸದೆ ಆಗಲಿ. ತಾಂಡಾದಲ್ಲಿ ಉಳಿದ ಮುದುಕರು, ಮಕ್ಕಳನ್ನು ಮರೆಯಬೇಡಿ. ಊರು ಬಿಡದವರೂ ಈ ಕಥೆಯ ಅರ್ಧ ಭಾಗ.

ರಿವಾಯತ್ ಪದ (ಮೊಹರಮ್ಮಿನ ಹಾಡು), ಬೀಸುವ ಪದ, ಪಾರಿಜಾತದ ಹಾಡು ಚಿತ್ರದಲ್ಲಿ ಬಳಸಲು ಯಾರ ಅನುಮತಿ ಬೇಕು? (ಓದುಗರು, ಗೋಕಾಕ)

ಬೀಸುವ ಪದಕ್ಕೆ ಒಬ್ಬ ಕರ್ತೃ ಇಲ್ಲ, ಶ್ರೀಕೃಷ್ಣ ಪಾರಿಜಾತ ಬಯಲಾಟದ ಹಳೆಯ ಪಠ್ಯಕ್ಕೆ ಹಕ್ಕುಸ್ವಾಮ್ಯದ ಅವಧಿ ಮುಗಿದಿದೆ. ಆದರೆ ಹಾಡಿದವರ ಹಕ್ಕು ಬೇರೆ: 1957ರ ಹಕ್ಕುಸ್ವಾಮ್ಯ ಕಾಯ್ದೆಯ ಕಲಂ 38 ಪ್ರದರ್ಶಕರಿಗೆ ಅದನ್ನು ಕೊಟ್ಟಿದೆ. ಬರಹದ ಒಪ್ಪಿಗೆ, ಸಂಭಾವನೆ, ಕೊನೆಯಲ್ಲಿ ಹೆಸರು ಮೂರೂ ಬೇಕು. ರಿವಾಯತ್ ಪದವಾದರೆ ಅದನ್ನು ಕಟ್ಟಿದ ಕವಿ ಯಾರೆಂದು ವಿಚಾರಿಸಿ. ಬದುಕಿದ್ದರೆ, ಅಥವಾ ತೀರಿ 60 ವರ್ಷ ತುಂಬಿರದಿದ್ದರೆ, ಅವರದೋ ವಾರಸುದಾರರದೋ ಅನುಮತಿ ಬೇಕು. ಕ್ಯಾಸೆಟ್ ಕಂಪನಿಯ ಮುದ್ರಣ ಬಳಸುವುದಾದರೆ ಆ ಕಂಪನಿಯದು ಪ್ರತ್ಯೇಕ. ಹಿನ್ನೆಲೆಯಲ್ಲಿ ಟ್ರ್ಯಾಕ್ಟರಿನ ಸಿನಿಮಾ ಹಾಡು ಸೇರಿಕೊಂಡರೆ ಪ್ರಸಾರದ ಹೊತ್ತಿಗೆ ತೊಂದರೆ. ಮಾತು ಮುಗಿಯುವವರೆಗೆ ನಿಲ್ಲಿಸಲು ವಿನಂತಿಸಿ.

ಎಷ್ಟು ಹಾರ್ಡ್‌ಡಿಸ್ಕ್ ಬೇಕು? ಫೋನಿನಲ್ಲಿ ತೆಗೆದದ್ದಕ್ಕೂ ಬೇರೆ ಮುದ್ರಿಸಿದ ಧ್ವನಿಗೂ ಹೊಂದುತ್ತಿಲ್ಲ, ಯಾಕೆ? (ಓದುಗರು, ಚಿಕ್ಕೋಡಿ)

ಫೋನು ಚೌಕಟ್ಟಿನ ವೇಗವನ್ನು ಬೆಳಕಿಗೆ ತಕ್ಕಂತೆ ಹಿಗ್ಗಿಸಿ ಕುಗ್ಗಿಸುತ್ತದೆ, ಅದಕ್ಕೇ ಹತ್ತು ನಿಮಿಷದಲ್ಲಿ ತುಟಿಗೂ ಮಾತಿಗೂ ಅಂತರ ಬೀಳುತ್ತದೆ. ವೇಗ ಕಟ್ಟಿಹಾಕುವ ಆ್ಯಪ್ ಬಳಸಿ ಸೆಕೆಂಡಿಗೆ 25 ಚೌಕಟ್ಟಿಗೆ ನಿಲ್ಲಿಸಿ, ಷಟರ್ 1/50. ನಮ್ಮ ವಿದ್ಯುತ್ತು 50 ಹರ್ಟ್ಸ್ ಆದ್ದರಿಂದ ಟ್ಯೂಬ್‌ಲೈಟಿನ ಮಿನುಗೂ ಇದರಿಂದ ಹೋಗುತ್ತದೆ.

ಸೆಕೆಂಡಿಗೆ 100 ಮೆಗಾಬಿಟ್ ದರದಲ್ಲಿ ಒಂದು ತಾಸಿಗೆ 45 ಜಿಬಿ. 40 ತಾಸು ತೆಗೆದರೆ 1.8 ಟಿಬಿ. ಮೂರು ಪ್ರತಿ ಬೇಕು, ಎರಡು ಬೇರೆ ಡಿಸ್ಕಿನಲ್ಲಿ, ಒಂದು ಬೇರೆ ಊರಿನಲ್ಲಿ. ಅಂದರೆ 2 ಟಿಬಿಯ ಮೂರು ಡಿಸ್ಕು. ಎರಡು ಪ್ರತಿ ತೆರೆದು ನೋಡುವವರೆಗೆ ಕಾರ್ಡನ್ನು ಅಳಿಸಬೇಡಿ. ಫೈಲಿನ ಹೆಸರಿನಲ್ಲಿ ದಿನಾಂಕ, ಊರು, ಓಣಿ ಇರಲಿ. ತೀರಿಹೋದವರ ಮಾತು ಹೆಸರಿಲ್ಲದ ಫೈಲಿನಲ್ಲಿ ಕಳೆದುಹೋದರೆ ಅದನ್ನು ಇನ್ನೊಮ್ಮೆ ಮುದ್ರಿಸಲಾಗದು.

ಚಿತ್ರ ಮುಗಿದ ಮೇಲೆ ಎಲ್ಲಿ ತೋರಿಸಬೇಕು? ಪ್ರಮಾಣಪತ್ರ ಬೇಕೇ? (ಓದುಗರು, ಮುಧೋಳ)

ಚಿತ್ರಮಂದಿರ ಮತ್ತು ಸಾರ್ವಜನಿಕ ಪ್ರದರ್ಶನಕ್ಕೆ 1952ರ ಸಿನೆಮಾಟೋಗ್ರಾಫ್ ಕಾಯ್ದೆಯಂತೆ ಪ್ರಮಾಣಪತ್ರ ಬೇಕು. ನಮ್ಮ ರಾಜ್ಯಕ್ಕೆ ಸೆನ್ಸಾರ್ ಮಂಡಳಿಯ ಪ್ರಾದೇಶಿಕ ಕಚೇರಿ ಬೆಂಗಳೂರಿನಲ್ಲಿದೆ, ಅರ್ಜಿ ಆನ್‌ಲೈನ್. ಚಿತ್ರೋತ್ಸವಗಳು ಕೇಂದ್ರದ ವಾರ್ತಾ ಮತ್ತು ಪ್ರಸಾರ ಸಚಿವಾಲಯದಿಂದ ವಿನಾಯಿತಿ ಪಡೆಯುತ್ತವೆ. ಸಾಕ್ಷ್ಯಚಿತ್ರಕ್ಕೇ ಮೀಸಲಾದ ಮುಂಬಯಿ ಉತ್ಸವ ಎರಡು ವರ್ಷಕ್ಕೊಮ್ಮೆ, ಕೇರಳದ್ದು ತಿರುವನಂತಪುರದಲ್ಲಿ. ಸಂಶೋಧನೆಯ ಹಂತದಲ್ಲೇ ನೆರವು ಬೇಕಿದ್ದವರು ಬೆಂಗಳೂರಿನ ಇಂಡಿಯಾ ಫೌಂಡೇಶನ್ ಫಾರ್ ದಿ ಆರ್ಟ್ಸ್‌ನ ಅನುದಾನಗಳನ್ನು ವಿಚಾರಿಸಬಹುದು.

ಆದರೆ ಉತ್ಸವಕ್ಕೆ ಕಳಿಸುವ ಮೊದಲು, ಸಂಕಲನ ಅಂತಿಮವಾಗುವುದಕ್ಕೆ ಕನಿಷ್ಠ ಮೂರು ವಾರ ಮೊದಲು, ಚಿತ್ರದಲ್ಲಿರುವ ಮನೆತನಗಳನ್ನು ಕರೆದು ತೋರಿಸಿ. ಸಂಜೆ ಏಳೂವರೆಯ ನಂತರ 3000 ಲ್ಯೂಮೆನ್ಸಿನ ಪ್ರೊಜೆಕ್ಟರು ಹತ್ತು ಅಡಿ ಅಗಲದ ಬಿಳಿ ಪರದೆಗೆ ಸಾಕು. ಜನ ನೆಲದ ಮೇಲೆ ಕೂರುವುದರಿಂದ ಪರದೆಯ ಕೆಳ ಅಂಚು ನಾಲ್ಕೈದು ಅಡಿ ಮೇಲಿರಲಿ, ಇಲ್ಲದಿದ್ದರೆ ಮುಂದಿನವರ ತಲೆಯ ಹಿಂದೆ ಉಪಶೀರ್ಷಿಕೆ ಮರೆಯಾಗುತ್ತದೆ. ಜನರೇಟರು ಮೂವತ್ತು ಮೀಟರ್ ಆಚೆ, ಮನೆಯೊಂದರ ಹಿಂದೆ ಇರಲಿ. ಜಾತ್ರೆ, ಕಾರಹುಣ್ಣಿವೆ, ಬಿತ್ತನೆಯ ದಿನ ಬಿಟ್ಟು ಬೇರೆ ದಿನ ಗೊತ್ತುಮಾಡಿ. ಕಿವಿ ಮಂದವಾದ ಹಿರಿಯರಿಗೆ ಸ್ಪೀಕರಿನ ಹತ್ತಿರ ಕುರ್ಚಿ ಹಾಕಿ.

ನಡುವೆ ಯಾರಾದರೂ ಎದ್ದು "ಆ ಬಾವಿ ಹೆಸರು ಅದಲ್ಲ" ಎಂದರೆ ಚಿತ್ರ ನಿಲ್ಲಿಸಿ, ಸರಿಯಾದ ಹೆಸರು ಹೇಳಿಸಿ, ಪಕ್ಕದವರಿಂದಲೂ ಖಚಿತಪಡಿಸಿಕೊಂಡು, ಅಲ್ಲೇ ನೋಟ್‌ಬುಕ್ಕಿನಲ್ಲಿ ಸಮಯ ಸಮೇತ ಬರೆದುಕೊಂಡು ಮುಂದುವರಿಸಿ.